ಕೊನೆತನಕ ಕಾದ ಹುಡುಗಿ
(ಮನೆಯವರ ಗುಂಪು, ಭಾನುವಾರ ರಾತ್ರಿ)

ದೊಡ್ಡಪ್ಪ: (ಫಾರ್ವರ್ಡ್) 1964ರ ಫ್ರೆಂಚ್ ಸಿನಿಮಾ ‘ಶೆರ್ಬೂರ್‌ನ ಕೊಡೆಗಳು’. ಪ್ರಿಯಕರ ಯುದ್ಧಕ್ಕೆ ಹೋದರೂ ಕೊನೆತನಕ ಕಾದ ಹುಡುಗಿಯ ಕಥೆ! ನಾಯಕಿ ಕ್ಯಾತರೀನ್ ದೆನೂವ್ ಎಲ್ಲಾ ಹಾಡನ್ನೂ ತಾವೇ ಹಾಡಿದ್ದಾರೆ. ಮಕ್ಕಳಿಗೆ ತೋರಿಸಿ 🙏

ದೊಡ್ಡಪ್ಪ: ಈಗಿನವರಿಗೆ ಎರಡು ದಿನ ಫೋನ್ ಬರದಿದ್ದರೆ ಸಂಬಂಧವೇ ಮುಗಿಯಿತು.

ಅಕ್ಕ: ಇದನ್ನು ಬರೆದವರು ಯಾರು ದೊಡ್ಡಪ್ಪ? ನೀವು ಸಿನಿಮಾ ನೋಡಿದ್ದೀರಾ?

ದೊಡ್ಡಪ್ಪ: ಎಲ್ಲದಕ್ಕೂ ನಿನಗೆ ಸಾಕ್ಷಿ ಬೇಕು. ವಾಕಿಂಗ್ ಗುಂಪಿನಲ್ಲಿ ಬಂತು.

ಅಕ್ಕ: ನಿಂಬೆಹಣ್ಣಿನ ಔಷಧಿಯೂ ಅಲ್ಲಿಂದಲೇ ಬಂದಿತ್ತು.

ತೀರ್ಥಹಳ್ಳಿ ಅಣ್ಣ: ಕೊಡೆ ಅಂದ ಕೂಡಲೇ ಅಜ್ಜನ ಮರದ ಹಿಡಿಯ ಕೊಡೆ ನೆನಪಾಯಿತು. ಆಷಾಢದ ಮಳೆಗೆ ಮೂರು ಜನ ಅದರ ಕೆಳಗೆ ಶಾಲೆಗೆ ಹೋಗುತ್ತಿದ್ದೆವು. ಈಗ ಯಾರ ಮನೆಯಲ್ಲಿದೆ?

ಅತ್ತೆ: ಪಾಲಾದಾಗ ತೆಗೆದುಕೊಂಡವರನ್ನೇ ಕೇಳು.

ದೊಡ್ಡಪ್ಪ: ಆಗಲೇ ಅದರ ಕಡ್ಡಿ ಮುರಿದಿತ್ತು.

ನಾನು: ದೊಡ್ಡಪ್ಪ, ನಾನು ಇದನ್ನು ನಾಲ್ಕು ಸಲ ನೋಡಿದ್ದೇನೆ. ಅವಳು ಕಾಯುವುದಿಲ್ಲ. ಪ್ರಿಯಕರ ಗೀ ಅಲ್ಜೀರಿಯಾದ ಯುದ್ಧಕ್ಕೆ ಹೋಗುತ್ತಾನೆ, ಕಾಗದ ಬರುವುದು ಕಡಿಮೆಯಾಗುತ್ತದೆ, ಇವಳು ಬಸುರಿ, ಅಮ್ಮನ ಕೊಡೆ ಅಂಗಡಿ ಸಾಲದಲ್ಲಿದೆ, ಕೊನೆಗೆ ವಜ್ರದ ವ್ಯಾಪಾರಿಯನ್ನು ಮದುವೆಯಾಗುತ್ತಾಳೆ. ನಾಯಕಿಗೆ ಹಾಡಿದ ದನಿಯೂ ಗಾಯಕಿ ದಾನಿಯೆಲ್ ಲಿಕಾರಿಯದು.

ಅತ್ತೆ: ಮತ್ತೆ ಅದರಲ್ಲಿ ಅಂಥದ್ದೇನಿದೆ?

ನಾನು: ಅತ್ತೆ, ಅಲ್ಲಿ ಎಲ್ಲವೂ ಹಾಡೇ. ಗ್ಯಾರೇಜಿನಲ್ಲಿ ಕಾರು ರಿಪೇರಿಯ ಮಾತನ್ನೂ ಹಾಡುತ್ತಾರೆ. ಮಿಶೆಲ್ ಲೆಗ್ರಾಂ ಸಂಗೀತ. ಮೊದಲು ವಿಚಿತ್ರ ಅನ್ನಿಸುತ್ತದೆ, ಆಮೇಲೆ ಮರೆತೇ ಹೋಗುತ್ತದೆ. ಕೊನೆಗೆ ಹಿಮ ಬೀಳುವ ರಾತ್ರಿ ಗೀಯ ಪೆಟ್ರೋಲ್ ಬಂಕಿಗೆ ಅವಳ ಕಾರು ಬರುತ್ತದೆ. ಒಳಗೆ ಅವನದೇ ಮಗಳು. ನೋಡುತ್ತೀಯಾ ಅಂದರೆ ಅವನು ಒಪ್ಪುವುದಿಲ್ಲ. ಬಾಗಿಲ ಹತ್ತಿರ ನಿಂತು, ನೀನು ಚೆನ್ನಾಗಿದ್ದೀಯಾ ಅಂತ ಕೇಳುತ್ತಾಳೆ. ತುಂಬಾ ಚೆನ್ನಾಗಿದ್ದೇನೆ ಅನ್ನುತ್ತಾನೆ. ಅಷ್ಟೇ. ನಾನು ಪ್ರತಿ ಸಲ ಅಲ್ಲಿ ಅಳುತ್ತೇನೆ, ಯಾಕೆಂದರೆ ನಿರ್ದೇಶಕ ಜಾಕ್ ದೆಮಿ ಯಾರ ಮೇಲೂ ತಪ್ಪು ಹೊರಿಸುವುದಿಲ್ಲ.

ದೊಡ್ಡಪ್ಪ: ಕೊಟ್ಟ ಮಾತು ಮುರಿದರೆ ತಪ್ಪು ತಪ್ಪೇ.

ಅತ್ತೆ: ಇದು ನನಗೆ ಹೇಳಿದ್ದಾ ಅಣ್ಣ? ಮಸ್ಕತ್‌ನಿಂದ ಕಾಗದ ನಿಂತಾಗ ಬೇರೆ ಗಂಡು ಹುಡುಕಿದ್ದು ನೀನೇ ಅಲ್ವಾ?

ಅಕ್ಕ: ಅತ್ತೆ, ಇಲ್ಲಿ ಬೇಡ. ಮಕ್ಕಳೂ ಇದ್ದಾರೆ.

ಅತ್ತೆ: ಇರಲಿ. ಆ ಹುಡುಗಿಯ ಅಮ್ಮನೂ ಹಾಗೇ ಮಾಡಿದಳಾ?

ನಾನು: ಹೌದು ಅತ್ತೆ. ಆದರೆ ಆ ವ್ಯಾಪಾರಿ ಒಳ್ಳೆಯವನು. ಹುಟ್ಟುವ ಮಗು ತನ್ನದೇ ಅನ್ನುತ್ತಾನೆ.

ದೊಡ್ಡಪ್ಪ: ನಿನ್ನ ಗಂಡನೂ ಒಳ್ಳೆಯವನೇ ತಾನೇ.

ಅತ್ತೆ: ನಾನು ಅಲ್ಲ ಅಂದೆನಾ?