ಸಹಾಯ ಬೇಕು: ತಂಗಿಯ ಮಧ್ಯಂತರ ಜೀವನಾಂಶದ ಬಗ್ಗೆ

ಎಲ್ಲರಿಗೂ ನಮಸ್ಕಾರ. ನಾವು ತುಮಕೂರು ಜಿಲ್ಲೆಯ ತಿಪಟೂರು ಕಡೆಯವರು. ತಂಗಿಯ ಗಂಡ ಡೈವೋರ್ಸ್ ಕೇಸ್ ಹಾಕಿದ್ದಾರೆ. ಅವಳಿಗೆ ಸಂಪಾದನೆ ಇಲ್ಲ. ಹಿಂದೂ ವಿವಾಹ ಕಾಯ್ದೆಯ 24ನೇ ಸೆಕ್ಷನ್ ಪ್ರಕಾರ ಮಧ್ಯಂತರ ಜೀವನಾಂಶಕ್ಕೂ ಕೇಸಿನ ಖರ್ಚಿಗೂ ಅರ್ಜಿ ಕೊಟ್ಟಿದ್ದೇವೆ. ನೋಟಿಸ್ ತಲುಪಿದ 60 ದಿನದೊಳಗೆ ಆದಷ್ಟು ಇತ್ಯರ್ಥ ಆಗಬೇಕು ಅಂತ ಕಾಯ್ದೆಯಲ್ಲೇ ಇದೆ, ಅಲ್ವಾ? ಐದು ತಿಂಗಳಾಯ್ತು, ಬರೀ ವಾಯಿದೆ.

2020ರ ಸುಪ್ರೀಂ ಕೋರ್ಟ್ ತೀರ್ಪಿನಂತೆ ಇಬ್ಬರೂ ಆಸ್ತಿ, ಆದಾಯದ ಅಫಿಡವಿಟ್ ಕೊಡಬೇಕು. ನಾವು ಕೊಟ್ಟಿದ್ದೇವೆ, ಅವರು ಕೊಟ್ಟಿಲ್ಲ. ತೆಂಗಿನ ತೋಟ ನೋಡಿಕೊಳ್ಳುವುದು, ಕೊಬ್ಬರಿ ಮಾರುವುದು ಎಲ್ಲಾ ಅವರೇ. ಆದರೆ ಪಹಣಿ ಅವರ ತಂದೆಯ ಹೆಸರಲ್ಲಿದೆ. ಈ ಆದಾಯವನ್ನು ಕೋರ್ಟಿಗೆ ತೋರಿಸುವುದು ಹೇಗೆ? ವಕೀಲರ ಫೀಸಿಗೆ ತಂಗಿ ಓಲೆ ಅಡ ಇಟ್ಟಿದ್ದಾಳೆ, ನೋಡಲು ಆಗುತ್ತಿಲ್ಲ. ಅನುಭವ ಇರುವವರು ದಯವಿಟ್ಟು ತಿಳಿಸಿ.