ಅಪ್‌ಡೇಟ್: ಪೆರುವಿನ ಕುಸ್ಕೋದಿಂದ ಒಂದು ದಿನದ ಇಂಕಾ ಟೂರ್ ಮುಗಿಸಿ ಬಂದೆ

ಕುಸ್ಕೋದಿಂದ ಸೇಕ್ರೆಡ್ ವ್ಯಾಲಿ (ಇಂಕಾ ಕಾಲದ ಹಳೆಯ ತಾಣಗಳಿರೋ ಕಣಿವೆ) ನೋಡೋಕೆ ಕಡಿಮೆ ದುಡ್ಡಿನ ಗ್ರೂಪ್ ಟೂರ್ ಸಾಕಾ ಅಂತ ಕೇಳಿದ್ದೆನಲ್ಲ, ಹೋಗಿ ಬಂದೆ. ಸಾಕು. ಆದ್ರೆ ಪ್ರವೇಶ ಟಿಕೆಟ್ ಅದರಲ್ಲಿ ಸೇರಿರಲಿಲ್ಲ. ಪಿಸಾಕ್, ಒಯಾಂಟಾಯ್ಟಾಂಬೊ, ಚಿಂಚೆರೊ, ಮೊರಾಯ್ ಈ ನಾಲ್ಕು ತಾಣಕ್ಕೂ ಸೇರಿ 70 ಸೋಲ್‌ನ (ಸೋಲ್ ಅಂದ್ರೆ ಪೆರುವಿನ ದುಡ್ಡು) ಜಂಟಿ ಟಿಕೆಟ್ ತಗೊಂಡೆ, ಎರಡು ದಿನ ನಡೆಯುತ್ತೆ. ಮರಾಸ್‌ನ ಉಪ್ಪಿನ ಮಡಿಗಳಿಗೆ ಬೇರೆ ದುಡ್ಡು.

ಪಿಸಾಕ್‌ನಲ್ಲಿ ನಲವತ್ತೇ ನಿಮಿಷ ಕೊಟ್ಟು ಓಡಿಸಿದ್ರು, ಬೇಜಾರಾಯ್ತು. ಒಯಾಂಟಾಯ್ಟಾಂಬೊ ಎಲ್ಲ ಮರೆಸ್ತು. ಮೆಟ್ಟಿಲು ಹತ್ತಿ ಏದುಸಿರು ಬಿಡ್ತಾ ನಿಂತ್ರೆ ಎದುರಿಗೆ ಆರು ದೈತ್ಯ ಗುಲಾಬಿ ಬಣ್ಣದ ಕಲ್ಲು, ಒಂದೊಂದರ ನಡುವೆಯೂ ಪಟ್ಟಿಯಂಥ ಸಣ್ಣ ಕಲ್ಲು ಕೂರಿಸಿದ್ದಾರೆ. ಗೈಡ್ ನದಿಯಾಚೆಯ ಬೆಟ್ಟ ತೋರಿಸಿ, ಕಲ್ಲು ಬಂದಿದ್ದು ಅಲ್ಲಿಂದ ಅಂದ. ನದಿ ದಾಟಿಸಿ, ಇಷ್ಟೆತ್ತರಕ್ಕೆ!

ಊಟದ ಬಫೆಯಲ್ಲಿ ವೆಜ್ ಅಂದ್ರೆ ಅನ್ನ, ಆಲೂಗಡ್ಡೆ. ಚಟ್ನಿಪುಡಿ ಇದ್ದಿದ್ದಕ್ಕೆ ಬಚಾವ್.