ವುಲ್ಫಿಯಾ ಜೀನೋಮ್ ಓದಿಯಾಯ್ತು, ಪ್ರೋಟೀನ್ ಕಾರ್ಖಾನೆ ಯಾವಾಗ?

ಕೆರೆಯಂಗಳ:
ಕೆರೆ ಮೇಲೆ ಹಸಿರು ನುಚ್ಚು ಚೆಲ್ಲಿದ ಹಾಗೆ ಕಾಣುವ ಡಕ್‌ವೀಡ್ ಬಗ್ಗೆ ಈ ಚರ್ಚೆ. ಅಝೋಲಾ ಅಲ್ಲ. ಅಝೋಲಾ ಜರೀಗಿಡ, ಹೂ ಬಿಡುವುದಿಲ್ಲ. ಡಕ್‌ವೀಡ್ ಹೂ ಬಿಡುವ ಸಸ್ಯ. ಅದರಲ್ಲಿ ಸ್ಪೈರೊಡೆಲಾ, ಲ್ಯಾಂಡೋಲ್ಟಿಯಾ, ಲೆಮ್ನಾ, ವುಲ್ಫಿಯೆಲ್ಲಾ, ವುಲ್ಫಿಯಾ ಎಂದು ಐದು ಕುಲ. ವುಲ್ಫಿಯಾಕ್ಕೆ ಬೇರು ಎಂಬುದೇ ಇಲ್ಲ, ಕೆಲವು ಜಾತಿಗಳ ಉದ್ದ ಒಂದು ಮಿಲಿಮೀಟರನ್ನೂ ಮುಟ್ಟುವುದಿಲ್ಲ.

ನನ್ನ ವಾದ ಇಷ್ಟು: 2021ರಲ್ಲಿ ವುಲ್ಫಿಯಾ ಆಸ್ಟ್ರೇಲಿಯಾನಾದ ಜೀನೋಮ್, ಅಂದರೆ ಅದರ ಪೂರ್ತಿ ಡಿಎನ್‌ಎ ಬರಹ, ಹೊರಬಂತು. ಬೇರು ಬೆಳೆಸುವ ಜೀನ್‌ಗಳೂ ಸೇರಿ ಎಷ್ಟೋ ಜೀನ್‌ಗಳನ್ನು ಅದು ಕಳೆದುಕೊಂಡಿದೆ. ನಮ್ಮ ದೇಶದ್ದೇ ಆದ ವುಲ್ಫಿಯಾ ಮೈಕ್ರೋಸ್ಕೋಪಿಕಾ ಸುಮಾರು 29 ಗಂಟೆಗೊಮ್ಮೆ ಇಮ್ಮಡಿಯಾಗುತ್ತದೆ. ಬೇರು, ಕಾಂಡಕ್ಕೆ ಶಕ್ತಿ ಸುರಿಯದ, ಬೆಳೆಯುವುದೊಂದೇ ಕಸುಬಾದ ಗಿಡ ಇದು. ಲಸಿಕೆ, ಕಿಣ್ವ, ಪ್ರೋಟೀನ್ ತಯಾರಿಕೆಗೆ ಲೆಮ್ನಾ ಬಿಟ್ಟು ವುಲ್ಫಿಯಾ ಹಿಡಿಯಬೇಕು.

ಅಂಗಾಂಶ_ಕೃಷಿ:
ಒಪ್ಪುವುದಿಲ್ಲ. ಜೀನೋಮ್ ಓದುವುದು ಒಂದು ಕೆಲಸ, ಅದರೊಳಗೆ ಹೊಸ ಜೀನ್ ಕೂರಿಸುವುದು ಬೇರೆಯೇ ಕೆಲಸ. ಎರಡನೆಯದರಲ್ಲಿ ಲೆಮ್ನಾ ಬಹಳ ಮುಂದಿದೆ. 2006ರಲ್ಲೇ ಲೆಮ್ನಾ ಮೈನರ್‌ನಲ್ಲಿ ಮಾನವ ಪ್ರತಿಕಾಯ ತಯಾರಾಯಿತು. ಸಸ್ಯಗಳು ಪ್ರೋಟೀನಿಗೆ ಅಂಟಿಸುವ ಫ್ಯೂಕೋಸ್, ಕ್ಸೈಲೋಸ್ ಸಕ್ಕರೆಗಳು ಮನುಷ್ಯರ ಔಷಧಕ್ಕೆ ಬೇಡವಾದವು. ಅವನ್ನು ಅಂಟಿಸುವ ಎರಡು ಕಿಣ್ವಗಳನ್ನು ಆರ್‌ಎನ್‌ಎಐ (ಜೀನಿನ ಬಾಯಿ ಮುಚ್ಚಿಸುವ ವಿಧಾನ) ಮೂಲಕ ಸುಮ್ಮನಾಗಿಸಿದರು. 2019ರಲ್ಲಿ ಲೆಮ್ನಾ ಈಕ್ವಿನಾಕ್ಷಿಯಾಲಿಸ್‌ನಲ್ಲಿ ಜೀನ್ ಕತ್ತರಿಸುವ ಕ್ರಿಸ್ಪರ್ ವಿಧಾನದಿಂದ, ಹಸಿರು ಬಣ್ಣ ಉಳಿಯಲು ಬೇಕಾದ ಪಿಡಿಎಸ್ ಜೀನ್ ಮುರಿದಾಗ ಬಿಳಿ ಬಿಲ್ಲೆಗಳು ಹುಟ್ಟಿದವು. (ಡಕ್‌ವೀಡಿನ ತೇಲುವ ಮೈಗೆ ಇಂಗ್ಲಿಷಿನಲ್ಲಿ ಫ್ರಾಂಡ್ ಎನ್ನುತ್ತಾರೆ, ನಾವು ಬಿಲ್ಲೆ ಎನ್ನೋಣ, ಎಲೆ ಎಂದರೆ ತಪ್ಪಾಗುತ್ತದೆ.)

ಇನ್ನೊಂದು. ಗಿಡ ಚಿಕ್ಕದಾದರೆ ಜೀನೋಮೂ ಚಿಕ್ಕದು ಎಂದುಕೊಳ್ಳಬೇಡಿ. ಈ ಕುಟುಂಬದಲ್ಲಿ ದೊಡ್ಡ ಬಿಲ್ಲೆಯ ಸ್ಪೈರೊಡೆಲಾ ಪಾಲಿರೈಝಾದ ಜೀನೋಮ್ ಸುಮಾರು 158 ಮೆಗಾಬೇಸ್ (ಒಂದು ಮೆಗಾಬೇಸ್ ಅಂದರೆ ಹತ್ತು ಲಕ್ಷ ಡಿಎನ್‌ಎ ಅಕ್ಷರ), ಅದರಲ್ಲಿ 19,600 ಚಿಲ್ಲರೆ ಜೀನ್‌ಗಳು. ಪುಟಾಣಿ ವುಲ್ಫಿಯಾ ಅರೈಝಾದ್ದು 1,800 ಮೆಗಾಬೇಸ್ ದಾಟುತ್ತದೆ.

ಲೆಕ್ಕದ_ಬಿಲ್ಲೆ:
29 ಗಂಟೆ ನಿಜ. ಆದರೆ ಅದು ಪ್ರಯೋಗಾಲಯದಲ್ಲಿ ಒಂದು ತಳಿ ತೋರಿಸಿದ ವೇಗ, ಕುಲಕ್ಕೆಲ್ಲ ಹಚ್ಚಬಾರದು. 13 ಜಾತಿಗಳ 39 ತಳಿಗಳನ್ನು ಒಂದೇ ಸ್ಥಿತಿಯಲ್ಲಿ ಬೆಳೆಸಿ ಅಳೆದ ಕೆಲಸ 2015ರಲ್ಲಿ ಬಂತು. ಇಮ್ಮಡಿಯಾಗಲು ಬೇಕಾದ ಸಮಯ 1.34 ದಿನದಿಂದ 4.54 ದಿನದವರೆಗೆ ಹರಡಿತ್ತು. ವೇಗ ನಿರ್ಧರಿಸಿದ್ದು ಜಾತಿಯಲ್ಲ, ತಳಿ. ಒಂದೇ ಜಾತಿಯಲ್ಲಿ ಓಡುವ ತಳಿಯೂ ಇತ್ತು, ತೆವಳುವ ತಳಿಯೂ ಇತ್ತು. ಹಾಗಾಗಿ "ವುಲ್ಫಿಯಾ ಬೇಕೋ ಲೆಮ್ನಾ ಬೇಕೋ" ಎನ್ನುವ ಮೊದಲು "ಯಾವ ನಂಬರಿನ ತಳಿ" ಎಂದು ಕೇಳಿ. ಡಕ್‌ವೀಡ್ ತಳಿ ಸಂಗ್ರಹಗಳಲ್ಲಿ ನಾಲ್ಕಂಕಿಯ ಸಂಖ್ಯೆ ಕೊಟ್ಟಿರುವುದೇ ಅದಕ್ಕೆ.

ಅಳೆಯುವುದು ಸುಲಭ. ಮೊದಲ ದಿನ 12 ಬಿಲ್ಲೆ, ಏಳು ದಿನ ಕಳೆದ ಮೇಲೆ 84 ಅಂದುಕೊಳ್ಳಿ. 84 ಭಾಗಿಸು 12 ಅಂದರೆ 7. ಅದರ ಸ್ವಾಭಾವಿಕ ಲಾಗ್ 1.946. ಏಳು ದಿನಕ್ಕೆ ಭಾಗಿಸಿದರೆ 0.278. ಈಗ 0.693ನ್ನು (2ರ ಸ್ವಾಭಾವಿಕ ಲಾಗ್) 0.278ರಿಂದ ಭಾಗಿಸಿ, ಇಮ್ಮಡಿಯಾಗುವ ಸಮಯ ಸಿಗುತ್ತದೆ: ಸುಮಾರು 2.5 ದಿನ. ಒಇಸಿಡಿ ಎಂಬ ಅಂತರರಾಷ್ಟ್ರೀಯ ಸಂಸ್ಥೆಯ 221ನೇ ವಿಷತ್ವ ಪರೀಕ್ಷೆಯಲ್ಲಿ ಕಂಟ್ರೋಲ್ (ವಿಷ ಹಾಕದ) ಪಾತ್ರೆಯ ಲೆಮ್ನಾ ಇಷ್ಟಾದರೂ ಬೆಳೆಯಲೇಬೇಕು, ಇಲ್ಲದಿದ್ದರೆ ಪರೀಕ್ಷೆಯೇ ರದ್ದು. ತಾಯಿ ಬಿಲ್ಲೆಯ ಜೇಬಿನಿಂದ (ಮರಿ ಬಿಲ್ಲೆ ಹುಟ್ಟುವ ಪುಟ್ಟ ಕುಳಿ) ಅಂಚು ಇಣುಕಿದ ಮರಿಯನ್ನೂ ಎಣಿಸಬೇಕು. ಮೊದಲ ದಿನ ಬಿಟ್ಟು ಕೊನೆಯ ದಿನ ಎಣಿಸಿದರೆ ವೇಗ ಸುಳ್ಳುಸುಳ್ಳೇ ಏರುತ್ತದೆ.

ಕೆರೆಯಂಗಳ:
ತಳಿಯ ಮಾತು ಒಪ್ಪಿದೆ. ಆದರೆ ಕೆರೆಯಿಂದ ತಂದದ್ದಕ್ಕೆ ನಂಬರ್ ಇರುವುದಿಲ್ಲವಲ್ಲ. ಕ್ಲೋರೋಪ್ಲಾಸ್ಟ್ ಬಾರ್‌ಕೋಡ್ (ಕೋಶದ ಹಸಿರು ಕಣದ, ಜಾತಿ ಗುರುತಿಸುವ ಡಿಎನ್‌ಎ ತುಣುಕು) ಓದಿಸಿದರೆ ಸಾಕಲ್ಲವೇ?

ಹಸಿರುಪದರ:
ಅರ್ಧ ಸಾಕು. ಎಟಿಪಿಎಫ್-ಎಟಿಪಿಎಚ್ ಮತ್ತು ಪಿಎಸ್‌ಬಿಕೆ-ಪಿಎಸ್‌ಬಿಐ ಎಂಬ ಜೀನ್ ಜೋಡಿಗಳ ನಡುವಿನ ಭಾಗಗಳನ್ನು ಓದಿಸಿದರೆ ಹೆಚ್ಚಿನ ಜಾತಿಗಳು ತಿಳಿಯುತ್ತವೆ. ಆದರೆ ಕ್ಲೋರೋಪ್ಲಾಸ್ಟ್ ತಾಯಿ ಕಡೆಯಿಂದ ಬರುವಂಥದ್ದು, ಮಿಶ್ರತಳಿಯನ್ನು ಅದು ಹೇಳುವುದಿಲ್ಲ. ಲೆಮ್ನಾ ಜಪೋನಿಕಾ ಎನ್ನುವುದು ಲೆಮ್ನಾ ಮೈನರ್ ಮತ್ತು ಟುರಿಯೋನಿಫೆರಾಗಳ ಮಿಶ್ರ. ಬಾರ್‌ಕೋಡ್ ನೋಡಿದರೆ "ಮೈನರ್" ಎಂದೇ ಬರಬಹುದು. ಅಂಥಲ್ಲಿ ಟ್ಯೂಬುಲಿನ್ ಜೀನಿನ ಇಂಟ್ರಾನ್ (ಜೀನಿನೊಳಗೆ ಪ್ರೋಟೀನ್ ಸಂಕೇತವಿಲ್ಲದ ತುಂಡು) ಉದ್ದ ನೋಡುವ ಟಿಬಿಪಿ ವಿಧಾನ ಬೇಕು, ಎರಡೂ ಪೋಷಕರ ಪಟ್ಟಿಗಳು ಜೆಲ್ ಮೇಲೆ ಒಟ್ಟಿಗೆ ಕಾಣುತ್ತವೆ.

ಓದಿಸುವ ಮೊದಲು ಶುದ್ಧ ಮಾಡಿ. ಇಲ್ಲವಾದರೆ ಪಾಚಿ, ಬ್ಯಾಕ್ಟೀರಿಯಾ ಡಿಎನ್‌ಎಯೂ ಜೊತೆಗೆ ಬರುತ್ತದೆ.

ಮೊಳಕೆ2:
ಶುದ್ಧ ಮಾಡುವುದು ಹೇಗೆ ಸರ್? ಬ್ಲೀಚ್ ಹಾಕಿದರೆ ಎಲ್ಲಾ ಸತ್ತೇ ಹೋಗ್ತವೆ.

ಅಂಗಾಂಶ_ಕೃಷಿ:
ಸಾಯುವ ಅಂಚಿಗೆ ಒಯ್ಯುವುದೇ ಇದರ ಗುಟ್ಟು. ತಾಯಿ ಬಿಲ್ಲೆ ಹೋದರೂ ಪರವಾಗಿಲ್ಲ, ಜೇಬಿನೊಳಗೆ ಕೂತ ಮೊಗ್ಗು ಉಳಿದರೆ ಸಾಕು.

ಮೊದಲು ನಲ್ಲಿ ನೀರಲ್ಲಿ ನಾಲ್ಕೈದು ಸಲ ತೊಳೆಯಿರಿ. ಲೆಮ್ನಾ, ಸ್ಪೈರೊಡೆಲಾ ಆದರೆ ಬೇರು ಕತ್ತರಿಸಿ, ಕೊಳೆ ಅಲ್ಲೇ ಹೆಚ್ಚು. ಅಂಗಡಿಯಲ್ಲಿ ಸಿಗುವ 4-5 ಶೇಕಡಾ ಸೋಡಿಯಂ ಹೈಪೋಕ್ಲೋರೈಟ್ ಒಂದು ಪಾಲು, ನೀರು ಒಂಬತ್ತು ಪಾಲು, ಜೊತೆಗೆ ಒಂದು ಹನಿ ಪಾತ್ರೆ ತೊಳೆಯುವ ದ್ರಾವಣ. ಅದು ಇಲ್ಲದಿದ್ದರೆ ಬಿಲ್ಲೆಯ ಮೇಣದ ಮೈಯಿಂದ ಬ್ಲೀಚ್ ಜಾರಿಹೋಗುತ್ತದೆ. ಇಪ್ಪತ್ತು ಮೂವತ್ತು ಬಿಲ್ಲೆ ಹಾಕಿ ಅಲ್ಲಾಡಿಸುತ್ತಾ ಇರಿ. ಒಂದು, ಎರಡು, ಮೂರು, ನಾಲ್ಕು ನಿಮಿಷಕ್ಕೆ ಕೆಲವನ್ನು ತೆಗೆದು ಕ್ರಿಮಿರಹಿತ ನೀರಲ್ಲಿ ಮೂರು ಸಲ ಜಾಲಿಸಿ. ಅಂಚೆಲ್ಲ ಬೆಳ್ಳಗಾಗಿ, ಬುಡದ ಹತ್ತಿರ ಸಾಸಿವೆಯಷ್ಟು ಹಸಿರು ಚುಕ್ಕೆ ಉಳಿದಿರುತ್ತದಲ್ಲ, ನಿಮಗೆ ಬೇಕಾದದ್ದು ಆ ಬಿಲ್ಲೆ. ಪೂರ್ತಿ ಹಸಿರಾಗಿದ್ದರೆ ಕೊಳೆ ಉಳಿದಿದೆ. ಪೂರ್ತಿ ಬೆಳ್ಳಗಾದರೆ ಮುಗಿಯಿತು.

ಆಮೇಲೆ ಅರ್ಧ ಸಾಂದ್ರತೆಯ ಎಸ್‌ಎಚ್ (ಶೆಂಕ್-ಹಿಲ್ಡೆಬ್ರಾಂಟ್) ಪೋಷಕ ಮಾಧ್ಯಮ, 0.5 ಶೇಕಡಾ ಸಕ್ಕರೆ, 0.8 ಶೇಕಡಾ ಅಗಾರ್, ಪಿಎಚ್ 5.8. ಒಂದು ತಟ್ಟೆಗೆ ಒಂದೇ ಬಿಲ್ಲೆ. ಸಕ್ಕರೆ ಗಿಡಕ್ಕೂ ಆಸರೆ, ಬ್ಯಾಕ್ಟೀರಿಯಾ ಇದ್ದರೆ ಬೇಗ ಬಯಲಿಗೂ ತರುತ್ತದೆ. ಎರಡು ಮೂರು ವಾರ ಕಾಯಿರಿ, ನಾಲ್ಕು ದಿನಕ್ಕೇ "ಸತ್ತಿತು" ಎಂದು ಎಸೆಯಬೇಡಿ. ವುಲ್ಫಿಯಾ ಆದರೆ ಎಲ್ಲಾ ಕೆಲಸ ಚಹಾ ಜಾಲರಿಯಲ್ಲಿ ಮಾಡಿ, ಸಮಯ ಕಡಿಮೆ ಇಡಿ.

ನೀರ್ದೋಟ:
ಆಹಾರದ ಮಟ್ಟಿಗೆ ಕೆರೆಯಂಗಳ ಅವರ ಪಕ್ಷ ನಾನು. ಥಾಯ್ಲೆಂಡಿನಲ್ಲಿ ವುಲ್ಫಿಯಾವನ್ನು ಖೈನಾಮ್, ಅಂದರೆ ನೀರಿನ ಮೊಟ್ಟೆ ಎಂದು ತಿನ್ನುತ್ತಾರೆ. ಲೆಮ್ನಾದಲ್ಲಿ ಸೂಜಿಯಂಥ ಕ್ಯಾಲ್ಸಿಯಂ ಆಕ್ಸಲೇಟ್ ಹರಳುಗಳಿವೆ, ಕೆಸುವಿನಂತೆ ಗಂಟಲು ಕೆರೆಯಬಹುದು. ವುಲ್ಫಿಯಾದಲ್ಲಿ ಆ ಸೂಜಿಗಳಿಲ್ಲ. ಆದರೆ "40 ಶೇಕಡಾ ಪ್ರೋಟೀನ್" ಎಂಬ ಜಾಹೀರಾತು ಒಣ ತೂಕದ ಲೆಕ್ಕ. ಒಂದು ಕೆಜಿ ಹಸಿ ವುಲ್ಫಿಯಾದಲ್ಲಿ 95 ಶೇಕಡಾ ನೀರೇ ಎಂದಿಟ್ಟುಕೊಳ್ಳಿ, ಒಣಗಿದ ಮೇಲೆ ಉಳಿಯುವುದು 50 ಗ್ರಾಂ. ಜಾಹೀರಾತಿನ 40 ಬಿಟ್ಟು ಅದರಲ್ಲಿ 30 ಶೇಕಡಾ ಎಂದು ಹಿಡಿದರೆ ಪ್ರೋಟೀನ್ 15 ಗ್ರಾಂ. ಒಣಗಿಸುವ ಖರ್ಚು ಲೆಕ್ಕಕ್ಕೆ ತಗೊಳ್ಳದೆ ಯೋಜನೆ ಬರೆಯಬೇಡಿ. ಕೊಳಚೆ ನೀರಿನಲ್ಲಿ ಬೆಳೆದದ್ದನ್ನಂತೂ ತಟ್ಟೆಗೆ ತರಲೇಬಾರದು. ಸೀಸ, ಕ್ಯಾಡ್ಮಿಯಮ್ ಹೀರಿ ಇಟ್ಟುಕೊಳ್ಳುವುದು ಇದರ ಸ್ವಭಾವ.

ಕೆರೆಯಂಗಳ:
ಅಂಗಾಂಶ ಅವರೇ, ಜೀನ್ ಕೂರಿಸುವಲ್ಲಿ ಎಲ್ಲಿ ಸಿಕ್ಕಿಬೀಳುತ್ತದೆ, ಬಿಡಿಸಿ ಹೇಳಿ. ಗಿಡಕ್ಕೆ ಜೀನ್ ಸಾಗಿಸುವ ಬ್ಯಾಕ್ಟೀರಿಯಾ ಅಗ್ರೋಬ್ಯಾಕ್ಟೀರಿಯಂ ಇದೆಯಲ್ಲ, ಇಡೀ ಬಿಲ್ಲೆಯನ್ನೇ ಅದರಲ್ಲಿ ಅದ್ದಿದರೆ ಆಗದೇ?

ಅಂಗಾಂಶ_ಕೃಷಿ:
ಅದ್ದಿದರೆ ಕೆಲವು ಕೋಶಗಳಿಗೆ ಮಾತ್ರ ಜೀನ್ ಹೋಗುತ್ತದೆ. ಮರಿ ಹುಟ್ಟುವುದು ಜೇಬಿನ ಕೋಶಗಳಿಂದ. ಅಲ್ಲಿ ಹೋಗದಿದ್ದರೆ ನಾಲ್ಕನೇ ತಲೆಮಾರಿಗೆ ಗುರುತೇ ಇಲ್ಲ. ಹೋದರೂ, ಗುರುತಿಗೆಂದು ಹೊಳೆಯುವ ಜೀನ್ ಹಾಕಿದ್ದರೆ, ಅರ್ಧ ಬಿಲ್ಲೆ ಹೊಳೆಯುತ್ತದೆ, ಅರ್ಧ ಇಲ್ಲ. ಬೇರೆ ಬೆಳೆಗಳಲ್ಲಾದರೆ ಬೀಜ ತೆಗೆದು ಶುದ್ಧ ಮಾಡಬಹುದು, ಇಲ್ಲಿ ಹೂವೇ ಅಪರೂಪ. ಆದ್ದರಿಂದ 2,4-ಡಿ ಎಂಬ ಸಸ್ಯ ಹಾರ್ಮೋನ್ ರೀತಿಯ ರಾಸಾಯನಿಕ ಹಾಕಿ ಕ್ಯಾಲಸ್ (ರೂಪವಿಲ್ಲದ ಕೋಶಗಳ ಮುದ್ದೆ) ಮಾಡಿ, ಅದಕ್ಕೆ ಜೀನ್ ಕೊಟ್ಟು, ಜೀನ್ ಹೋಗದ ಕೋಶಗಳನ್ನು ಕೊಲ್ಲುವ ಸೆಲೆಕ್ಷನ್‌ನಲ್ಲಿ ಉಳಿದದ್ದರಿಂದ ಮತ್ತೆ ಬಿಲ್ಲೆ ಎಬ್ಬಿಸಬೇಕು. ವಾರಗಳಲ್ಲ, ತಿಂಗಳುಗಳ ಕೆಲಸ. ಒಂದು ತಳಿ ಕ್ಯಾಲಸ್ ಕೊಟ್ಟರೆ ಪಕ್ಕದ ತಳಿ ಕೊಡುವುದಿಲ್ಲ.

ಜೀನ್ ಕೂತ ಮೇಲೂ ತೊಡಕು ಮುಗಿಯುವುದಿಲ್ಲ. 2022ರಲ್ಲಿ ಅಮೆರಿಕದ ಬ್ರೂಕ್‌ಹೇವನ್ ಪ್ರಯೋಗಾಲಯದವರು ಲೆಮ್ನಾ ಜಪೋನಿಕಾದಲ್ಲಿ ಎಣ್ಣೆ ತುಂಬಿಸಿದರು. ಎಣ್ಣೆ ತಯಾರಿಕೆಗೆ ಚಾಲನೆ ಕೊಡುವ ಡಬ್ಲ್ಯುಆರ್‌ಐ1 ಜೀನ್ ಸದಾ ಚಾಲೂ ಇದ್ದರೆ ಬೆಳವಣಿಗೆ ಕುಂಠಿತವಾಗುತ್ತದೆ. ಅದಕ್ಕೆ ಎಸ್ಟ್ರಡಯೋಲ್ ಎಂಬ ಹಾರ್ಮೋನ್ ಹಾಕಿದಾಗ ಮಾತ್ರ ಎಚ್ಚರಗೊಳ್ಳುವ ಸ್ವಿಚ್ ಇಟ್ಟರು. ಮೊದಲು ಬೆಳೆ, ಆಮೇಲೆ ಎಣ್ಣೆ. ಕೊಬ್ಬಿನಾಮ್ಲ ಒಣ ತೂಕದ 16 ಶೇಕಡಾ ಹತ್ತಿರ ಹೋಯಿತು. ವುಲ್ಫಿಯಾದಲ್ಲಿ ಇಂಥ ಸ್ವಿಚ್ ಕೂರಿಸಿ, ತಳಿ ನೂರು ಸಲ ಇಮ್ಮಡಿಯಾದ ಮೇಲೂ ಉಳಿದಿದೆ ಎಂದು ತೋರಿಸಿ, ಅಂದೇ ನಿಮ್ಮ ಪಕ್ಷ ಸೇರುತ್ತೇನೆ.

ಹಸಿರುಪದರ:
ಹೂವಿನ ದಾರಿಯನ್ನು ಪೂರ್ತಿ ಮುಚ್ಚಬೇಡಿ. 1960ರ ದಶಕದ ಆರಂಭದಲ್ಲೇ ದೆಹಲಿ ವಿಶ್ವವಿದ್ಯಾಲಯದ ಎಸ್. ಸಿ. ಮಹೇಶ್ವರಿ ಅವರ ಪ್ರಯೋಗಾಲಯದಲ್ಲಿ ಮಾಧ್ಯಮಕ್ಕೆ ಇಡಿಟಿಎ (ಲೋಹದ ಅಯಾನುಗಳನ್ನು ಹಿಡಿದಿಡುವ ರಾಸಾಯನಿಕ) ಸೇರಿಸಿ ವುಲ್ಫಿಯಾ ಮೈಕ್ರೋಸ್ಕೋಪಿಕಾದಲ್ಲಿ ಹೂ ಬರಿಸಿದ್ದರು. ಬಿಲ್ಲೆಯ ನೆತ್ತಿಯ ಗುಳಿಯಲ್ಲಿ ಒಂದು ಕೇಸರ, ಒಂದು ಶಲಾಕೆ, ಅಷ್ಟೇ ಹೂವು. ಲೆಮ್ನಾ ಗಿಬ್ಬಾದಲ್ಲಿ ಹೂ ಬರಿಸಲು ಸ್ಯಾಲಿಸಿಲಿಕ್ ಆಮ್ಲ ಕೆಲಸ ಮಾಡುತ್ತದೆ.

ನೀರ್ದೋಟ:
ಕುಲಾಂತರಿಯನ್ನು (ಹೊರಗಿನ ಜೀನ್ ಕೂರಿಸಿದ ಗಿಡವನ್ನು) ತೆರೆದ ಕೊಳದಲ್ಲಿ ಬೆಳೆಸುವ ಮಾತು ಮಾತ್ರ ಬೇಡ. ಹೂ ಇಲ್ಲ, ಪರಾಗ ಹಾರುವುದಿಲ್ಲ ಎಂಬ ಸಮಾಧಾನ ಸಾಲದು. ಬಾತುಕೋಳಿ ಕಾಲಿಗೆ ಒಂದು ಬಿಲ್ಲೆ ಅಂಟಿದರೆ ಪಕ್ಕದ ಕೆರೆಗೆ ಸಂಸಾರ ಸಮೇತ ಹೋದಂತೆ. ಸ್ಪೈರೊಡೆಲಾ ಆದರೆ ಟ್ಯೂರಿಯನ್ ಎಂಬ ಪಿಷ್ಟ ತುಂಬಿದ ಮೊಗ್ಗು ಕೆಸರಿಗಿಳಿದು ಮುಂದಿನ ಋತುವಿಗೆ ಏಳುತ್ತದೆ.

ಕೆರೆಯಂಗಳ:
ಸರಿ, ನನ್ನ ಮಾತು ತಿದ್ದಿಕೊಳ್ಳುತ್ತೇನೆ. ಜೀನ್ ಕೂರಿಸುವ ಕೆಲಸ ಮುಚ್ಚಿದ ತೊಟ್ಟಿಯ ಲೆಮ್ನಾದಲ್ಲಿ. ವುಲ್ಫಿಯಾ ಈಗಿರುವಂತೆಯೇ ಊಟಕ್ಕೆ, ಒಳ್ಳೆ ತಳಿ ಆರಿಸಿ. ಮೊದಲು ನಮ್ಮ ಕೆರೆಗಳ ತಳಿಗಳನ್ನು ಶುದ್ಧ ಮಾಡಿ, ಟಿಬಿಪಿ ನೋಡಿ, ಲೆಕ್ಕದ_ಬಿಲ್ಲೆ ಅವರ ಏಳು ದಿನದ ಎಣಿಕೆ ಮಾಡಿ ಸಂಖ್ಯೆ ಕೊಡೋಣ. ಬೆಳಕು ಎಷ್ಟಿರಲಿ?

ಲೆಕ್ಕದ_ಬಿಲ್ಲೆ:
6,500ರಿಂದ 10,000 ಲಕ್ಸ್, ಬಿಡದೆ. ಉಷ್ಣತೆ 24ರಿಂದ 26 ಡಿಗ್ರಿ. ಪ್ರತಿ ತಳಿಗೂ ಮೂರು ಪಾತ್ರೆ, ಒಂದು ವಾರ ಮೊದಲೇ ಅದೇ ಮಾಧ್ಯಮಕ್ಕೆ ಒಗ್ಗಿಸಿ. ಬಿಲ್ಲೆಗಳು ಒಂದರ ಮೇಲೊಂದು ಏರುವಷ್ಟು ಒತ್ತಾದರೆ ಎಣಿಕೆ ನಿಲ್ಲಿಸಿ, ಆಮೇಲಿನ ಅಂಕಿ ಅಳೆಯುವುದು ತಳಿಯನ್ನಲ್ಲ, ಜಾಗವನ್ನು.